ಕೆಂಡದ ಮೀನಿಗೆ ಮಡಕೆಯ ಅಲಸಂಡೆ

ಮಂಗಳೂರಿನ ಮಣ್ಣಗುಡ್ಡದಲ್ಲಿ ನನ್ನ ತಂಗಿಯ ಮನೆ. ಉರ್ವ ಮಾರುಕಟ್ಟೆಗೂ ಮಂಗಳಾ ಕ್ರೀಡಾಂಗಣಕ್ಕೂ ನಡೆದೇ ಹೋಗಿ ಬರಬಹುದು. ಸುತ್ತಲಿನ ಹಂಚಿನ ಮನೆಗಳು ಒಂದೊಂದಾಗಿ ಹೋಗಿ ಮಹಡಿ ಕಟ್ಟಡಗಳು ಬಂದಿದ್ದರೂ ಅವಳ ಮನೆಗೆ ಇನ್ನೂ ಅಂಗಳವಿದೆ, ಅಂಗಳದಲ್ಲಿ ಎರಡು ತೆಂಗಿನ ಮರಗಳಿವೆ. ಬೇಸಗೆ ರಜೆಯಲ್ಲಿ ಮಕ್ಕಳೆಲ್ಲ ಸೇರಿದರೆ ಒಂದು ಸಂಜೆ ಗೆರಟೆಯ ಕೆಂಡ ಮಾಡಿ, ಮೇಲೆ ಕಬ್ಬಿಣದ ಜಾಲರಿ ಇಟ್ಟು, ಮಸಾಲೆ ಹಚ್ಚಿದ ಬಂಗುಡೆಯನ್ನೋ ಕೋಳಿಯನ್ನೋ ಸುಡುವುದು ಈಗ ಅಲ್ಲಿಯ ರೂಢಿ. ಹುಡುಗರು ಇದಕ್ಕೆ ‘ಬಾರ್ಬೆಕ್ಯೂ’ ಎನ್ನುತ್ತಾರೆ. ನಮ್ಮ ಅಜ್ಜಂದಿರು ಬಚ್ಚಲೊಲೆಯ ಕೆಂಡದಲ್ಲಿ ಗೆಣಸು, ಹಲಸಿನ ಬೀಜ ಸುಟ್ಟು ತಿಂದದ್ದು ಇದೇ ಜಾತಿಯ ಸುಖ. ಹೆಸರು ಮಾತ್ರ ಹೊಸತು.

ಸುಟ್ಟ ಮೀನಿನ ಜೊತೆ ನಂಜಿಕೊಳ್ಳಲು ಅವರು ತರುವುದು ಅಂಗಡಿಯ ಡಬ್ಬಿ. ಟೊಮೆಟೊ ಸಾರಿನಲ್ಲಿ ಬೆಂದ, ಸ್ವಲ್ಪ ಸಿಹಿಯಾದ ಬಿಳಿ ಬೀನ್ಸ್ ಕಾಳು ಅದರೊಳಗಿರುತ್ತದೆ. ‘ಬೇಕ್ಡ್ ಬೀನ್ಸ್’ ಎಂದು ಅದರ ಹೆಸರು. ಪ್ರತಿವರ್ಷ ನಾನು ಊರಿನಿಂದ ತಂಗಿಗೆ ಎರಡು ಮೂರು ಕಿಲೋ ಅಲಸಂಡೆ ಕಾಳು ಒಯ್ಯುವುದಿದೆ. ಒಂದು ವರ್ಷ ಅವಳು ಹೇಳಿಯೇಬಿಟ್ಟಳು: “ಅಣ್ಣ, ಇನ್ನು ಕಾಳು ತರಬೇಡ. ಕಳೆದ ವರ್ಷದ್ದೇ ಹುಳ ಹಿಡಿದು ಬಿಸಾಡಿದೆ. ಮಕ್ಕಳಿಗೆ ಡಬ್ಬಿಯದ್ದೇ ಸೇರುತ್ತದೆ.”

ಅವಳ ಮಾತಿನಲ್ಲಿ ತಪ್ಪಿರಲಿಲ್ಲ. ಆದರೆ ಮನೆಯವರೇ ಬೇಡವೆಂದ ಕಾಳನ್ನು ಯಾರಿಗಾಗಿ ಬಿತ್ತುವುದು? ಏಣೆಲು ಕೊಯ್ದ ಮೇಲೆ ನಮ್ಮ ಮಜಲು ಗದ್ದೆಯಲ್ಲಿ ಉಳಿದಿರುವ ಬೆಳೆ ಅದೊಂದೇ. ಅದನ್ನೂ ಬಿಟ್ಟರೆ ಗದ್ದೆ ಆರು ತಿಂಗಳು ಬರಿದಾಗಿ ಬಿದ್ದಿರುತ್ತದೆ. ನಮ್ಮ ಊರಿನಲ್ಲಿ ಹೀಗೆ ಬರಿದಾದ ಗದ್ದೆಗಳು ಈಗಾಗಲೇ ಬೇಕಾದಷ್ಟಿವೆ. ಆದ್ದರಿಂದ ಅಲಸಂಡೆಯಿಂದಲೇ ಆ ಅಡುಗೆ ಮಾಡಿ ತೋರಿಸೋಣ ಎಂದು ಹೊರಟೆ. ಮೊದಲ ಸಲ ಸೋತೆ, ಎರಡನೆಯ ಸಲ ಗೆದ್ದೆ. ಎರಡರ ಅನುಭವವನ್ನೂ ಕೃಷಿಕ ಬಾಂಧವರ ಮುಂದಿಡುತ್ತೇನೆ.

ಮೊದಲ ಸಲ ಕೆಟ್ಟದ್ದು ಹೇಗೆ?

ಕಾಳು, ನೀರುಳ್ಳಿ, ಟೊಮೆಟೊ, ಹುಣಸೆಹುಳಿ, ಬೆಲ್ಲ, ಮೆಣಸು ಎಲ್ಲವನ್ನೂ ಒಂದೇ ಮಡಕೆಗೆ ಹಾಕಿ, ನೀರು ತುಂಬಿಸಿ, ಬೆಳಗ್ಗೆಯೇ ಒಲೆಗೆ ಏರಿಸಿದ್ದೆ. ನಿಧಾನವಾಗಿ ಬೇಯಲಿ, ರುಚಿ ಹಿಡಿಯಲಿ ಎಂಬುದು ನನ್ನ ಲೆಕ್ಕಾಚಾರ. ಸಂಜೆ ಮೀನು ಸುಟ್ಟು ಮುಗಿಯಿತು, ನೆಂಟರು ತಟ್ಟೆ ಹಿಡಿದು ಕುಳಿತರು, ಕಾಳು ಮಾತ್ರ ಹಲ್ಲಿಗೆ ಕಲ್ಲಿನಂತೆ ಸಿಕ್ಕಿತು. ತಂಗಿ ಏನೂ ಹೇಳದೆ ಒಳಗೆ ಹೋಗಿ ಡಬ್ಬಿ ಒಡೆದಳು.

ಊರಿಗೆ ಬಂದು ಹೇಳಿದಾಗ ದೊಡ್ಡಮ್ಮ ಕೇಳಿದ್ದು ಒಂದೇ ಪ್ರಶ್ನೆ: “ಬೆಲ್ಲ, ಹುಳಿ ಯಾವಾಗ ಹಾಕಿದ್ದು ಮಗಾ?” ಮೊದಲೇ ಹಾಕಿದೆ ಎಂದಾಗ ನಕ್ಕುಬಿಟ್ಟರು. “ಗಸಿಗೆ ಕಾಳು ಬೆಂದ ಮೇಲಲ್ಲವೇ ಹುಳಿ ಬೀಳುವುದು? ಅದು ಗೊತ್ತಿಲ್ಲದೆ ಅಡುಗೆಗೆ ಇಳಿದೆಯಾ?”

ದೊಡ್ಡಮ್ಮ ಅನುಭವದಿಂದ ಹೇಳಿದ ಮಾತಿಗೆ ವಿಜ್ಞಾನದ ಆಧಾರವೂ ಇದೆ. ಕಾಳಿನ ಕಣಗಳನ್ನು ಒಂದಕ್ಕೊಂದು ಅಂಟಿಸಿ ಹಿಡಿದಿರುವ ವಸ್ತುವಿಗೆ ಪೆಕ್ಟಿನ್ ಎಂದು ಹೆಸರು. ಬಿಸಿನೀರಿನಲ್ಲಿ ಇದು ಕರಗಿದಾಗ ಕಾಳು ಮೆತ್ತಗಾಗುತ್ತದೆ. ಹುಳಿ ಸೇರಿದರೆ ಪೆಕ್ಟಿನ್ ಕರಗುವುದು ನಿಧಾನವಾಗುತ್ತದೆ. ಬೆಲ್ಲದಲ್ಲಿ ಸುಣ್ಣದ ಅಂಶವಿದೆ. ಅದು ಪೆಕ್ಟಿನ್ನನ್ನು ಇನ್ನಷ್ಟು ಬಿಗಿಗೊಳಿಸುತ್ತದೆ. ಉಪ್ಪಿನಿಂದ ಈ ತೊಂದರೆ ಇಲ್ಲ. ನೆನೆಸುವ ನೀರಿಗೆ ಸ್ವಲ್ಪ ಉಪ್ಪು ಹಾಕಿದರೆ ಸಿಪ್ಪೆ ಬೇಗನೆ ಮೆತ್ತಗಾಗುವುದೂ ಉಂಟು. ಅಡುಗೆ ಸೋಡಾ ಹಾಕಿದರೆ ಕಾಳು ಬೇಗ ಬೇಯುವುದು ನಿಜ. ಆದರೆ ಹೆಚ್ಚಾದರೆ ಸಾಬೂನಿನ ವಾಸನೆ ಬರುತ್ತದೆ, ಬಿ1 ಜೀವಸತ್ವವೂ ನಾಶವಾಗುತ್ತದೆ. ಹೊಸ ಕಾಳಿಗೆ ಸೋಡಾದ ಅಗತ್ಯವೇ ಇಲ್ಲ.

ಇದೇ ಗುಣ ಆಮೇಲೆ ನಮ್ಮ ಉಪಕಾರಕ್ಕೂ ಬರುತ್ತದೆ. ಕಾಳು ಮೆತ್ತಗೆ ಬೆಂದ ನಂತರ ಹುಳಿ, ಬೆಲ್ಲ ಹಾಕಿದರೆ ಎರಡು ಗಂಟೆ ಕೆಂಡದ ಮೇಲಿದ್ದರೂ ಅದು ಕರಗಿ ಹಿಟ್ಟಾಗದೆ ಇಡಿಯಾಗಿ ನಿಲ್ಲುತ್ತದೆ. ಅಮೆರಿಕದ ಬಾಸ್ಟನ್ ನಗರದ ಹಳೆಯ ಬೀನ್ಸ್ ಅಡುಗೆ ನಿಂತಿರುವುದು ಇದರ ಮೇಲೆಯೇ. ಅಲ್ಲಿ ಬೆಲ್ಲದ ಬದಲು ಕಾಕಂಬಿ ಹಾಕುತ್ತಾರೆ. ಭಾನುವಾರ ಕೆಲಸ ಮಾಡಬಾರದೆಂಬ ಕಟ್ಟುಪಾಡು ಇದ್ದ ಅಲ್ಲಿಯ ಕ್ರೈಸ್ತ ಕುಟುಂಬಗಳು ಶನಿವಾರವೇ ಬೀನ್ಸ್ ಮಡಕೆಯನ್ನು ಒಲೆಗೂಡಿಗೆ ಸೇರಿಸಿಬಿಡುತ್ತಿದ್ದವು. ಉತ್ತರದ ಮೇಯ್ನ್ ಪ್ರಾಂತದಲ್ಲಿ ನೆಲದಲ್ಲಿ ಗುಂಡಿ ತೋಡಿ, ಕೆಂಡ ತುಂಬಿಸಿ, ಮಡಕೆಯನ್ನು ರಾತ್ರಿಯಿಡೀ ಹೂತಿಡುವ ಪದ್ಧತಿಯಿದೆ.

ನಮಗೂ ಇದು ಹೊಸತಲ್ಲ. ಪಾತ್ರೆಯ ಕೆಳಗೂ ಮುಚ್ಚಳದ ಮೇಲೂ ಕೆಂಡ ಹಾಕಿ ಬೇಯಿಸುವ ಗೆಂಡದಡ್ಯೆಯನ್ನು ತುಳುನಾಡಿನ ಯಾವ ಅಜ್ಜಿಯೂ ಬಲ್ಲರು. ಆ ಕ್ರಮವನ್ನೇ ಕಾಳಿಗೆ ಹಿಡಿದರೆ ಆಯಿತು.

ಬೇಕಾಗುವ ಸಾಮಾನು

ಹತ್ತು ಜನರಿಗೆ ನಂಜಿಕೊಳ್ಳಲು ಸಾಕಾಗುವ ಲೆಕ್ಕ ಇದು. ಕುಡ್ತೆ ಎಂದರೆ ಸುಮಾರು 200 ಮಿಲಿಲೀಟರ್.

ಒಣ ಅಲಸಂಡೆ ಕಾಳು ಅರ್ಧ ಕಿಲೋ (ಕೆಂಪಾಗಲಿ ಬಿಳಿಯಾಗಲಿ, ಅದೇ ವರ್ಷದ್ದು)
ನೀರುಳ್ಳಿ ದೊಡ್ಡದು 3
ಬೆಳ್ಳುಳ್ಳಿ 8 ಎಸಳು
ಹಣ್ಣಾದ ಟೊಮೆಟೊ 4
ಹುಣಸೆಹುಳಿ ಸಣ್ಣ ನೆಲ್ಲಿಕಾಯಿ ಗಾತ್ರ
ಬೆಲ್ಲ 60 ಗ್ರಾಂ
ಬ್ಯಾಡಗಿ ಮೆಣಸು 7
ಕೊತ್ತಂಬರಿ 2 ಚಮಚ, ಜೀರಿಗೆ 1 ಚಮಚ, ಸಾಸಿವೆ ಅರ್ಧ ಚಮಚ
ತೆಂಗಿನೆಣ್ಣೆ 4 ದೊಡ್ಡ ಚಮಚ
ಕರಿಬೇವು 2 ಎಸಳು, ಉಪ್ಪು ರುಚಿಗೆ ತಕ್ಕಷ್ಟು

ಮಾಡುವ ಕ್ರಮ

ಕಾಳನ್ನು ಆರಿಸಿ, ಕಲ್ಲು ತೆಗೆದು, ತೊಳೆಯಿರಿ. ಒಂದೂವರೆ ಲೀಟರ್ ನೀರಿಗೆ ಒಂದು ದೊಡ್ಡ ಚಮಚ ಉಪ್ಪು ಹಾಕಿ ಅದರಲ್ಲಿ ಆರರಿಂದ ಎಂಟು ಗಂಟೆ ನೆನೆಸಿ. ಮೇಲೆ ತೇಲುವ ಕಾಳು ಹುಳ ಕೊರೆದದ್ದಿರಬಹುದು, ತೆಗೆದುಬಿಡಿ. ನೆನೆದ ಮೇಲೆ ಆ ನೀರನ್ನು ಚೆಲ್ಲಿ, ಹೊಸ ನೀರು ಹಾಕಿ ಬೇಯಲಿಡಿ. ತೆರೆದ ಪಾತ್ರೆಯಲ್ಲಿ ಅರ್ಧದಿಂದ ಮುಕ್ಕಾಲು ಗಂಟೆ ಬೇಕು. ಕುಕ್ಕರ್ ಇದ್ದರೆ ಎರಡು ಮೂರು ಸೀಟಿ ಸಾಕು. ಒಂದು ಕಾಳನ್ನು ಎರಡು ಬೆರಳ ನಡುವೆ ಒತ್ತಿದಾಗ ಒಳಗೆ ಗಟ್ಟಿ ತಿರುಳಿಲ್ಲದೆ ಹಿಸುಕಿ ಹೋಗಬೇಕು. ಈ ಪರೀಕ್ಷೆ ಆಗದೆ ಮುಂದಿನ ಹೆಜ್ಜೆ ಇಡಬೇಡಿ. ಇಲ್ಲಿ ಉಳಿದ ಗಟ್ಟಿತನ ಆಮೇಲೆ ಹೋಗುವುದಿಲ್ಲ. ಬೇಯಿಸಿದ ನೀರನ್ನು ಚೆಲ್ಲದೆ ಬೇರೆ ಇಟ್ಟುಕೊಳ್ಳಿ.

ಮೆಣಸು, ಕೊತ್ತಂಬರಿ, ಜೀರಿಗೆಯನ್ನು ಒಂದು ಚಮಚ ಎಣ್ಣೆಯಲ್ಲಿ ಹುರಿದು, ಬೆಳ್ಳುಳ್ಳಿಯ ನಾಲ್ಕು ಎಸಳು ಮತ್ತು ಹುಣಸೆಹುಳಿ ಸೇರಿಸಿ ನುಣ್ಣಗೆ ಅರೆಯಿರಿ. ತೆಂಗಿನಕಾಯಿ ಬೇಡ. ಕಾಯಿ ಹಾಕಿದರೆ ಅದು ಗಸಿಯಾಗುತ್ತದೆ, ಬಿಸಿಲ ದಿನಗಳಲ್ಲಿ ಬೇಗ ಹಳಸುತ್ತದೆ. ಉಳಿದ ಎಣ್ಣೆಯಲ್ಲಿ ಸಾಸಿವೆ, ಕರಿಬೇವು, ಜಜ್ಜಿದ ಬೆಳ್ಳುಳ್ಳಿ ಒಗ್ಗರಿಸಿ, ಸಣ್ಣಗೆ ಹೆಚ್ಚಿದ ನೀರುಳ್ಳಿಯನ್ನು ಕೆಂಪಗಾಗುವ ತನಕ ಬಾಡಿಸಿ. ಟೊಮೆಟೊ ಹಾಕಿ, ಎಣ್ಣೆ ಬಿಡುವ ತನಕ ಕದಡಿ. ಅರೆದ ಮಸಾಲೆ, ಬೆಲ್ಲ, ಉಪ್ಪು ಸೇರಿಸಿ. ಬೆಂದ ಕಾಳು ಮತ್ತು ಅದರ ಮೂರು ಕುಡ್ತೆ ನೀರು ಹಾಕಿ ಒಂದು ಕುದಿ ಬರಿಸಿ. ಈ ಹಂತದಲ್ಲಿ ಅದು ಸಾರಿನಂತೆ ತೆಳ್ಳಗೇ ಇರಬೇಕು.

ಇದನ್ನು ಮಣ್ಣಿನ ಬಿಸಲೆಗೋ ದಪ್ಪ ತಳದ ಪಾತ್ರೆಗೋ ತುಂಬಿಸಿ. ಬಾಯಿಯಿಂದ ಎರಡು ಬೆರಳು ಕೆಳಗೇ ನಿಲ್ಲಿಸಿ. ಬಾಡಿಸಿದ ಬಾಳೆಲೆ ಮುಚ್ಚಿ, ಮೇಲೆ ಕಬ್ಬಿಣದ ತಟ್ಟೆ ಕವುಚಿ ಹಾಕಿ. ಬಿಸಲೆ ಹೊಸದಾಗಿದ್ದರೆ ಒಂದು ದಿನ ನೀರಿನಲ್ಲಿ ಮುಳುಗಿಸಿಟ್ಟು, ಗಂಜಿತಿಳಿ ಕುದಿಸಿ ಪಳಗಿಸಿಕೊಳ್ಳಬೇಕು. ಇಲ್ಲವಾದರೆ ಕೆಂಡದ ಮೇಲೆ ಬಿರುಕು ಬಿಡುತ್ತದೆ.

ಕೆಂಡದ ಹದ

ಮೀನು ಸುಡುವ ಕೆಂಡವೂ ಕಾಳಿನ ಕೆಂಡವೂ ಒಂದೇ ಅಲ್ಲ. ಮೀನಿಗೆ ಬಿರುಸಾದ ಕೆಂಡ ಬೇಕು, ಕಾಳಿಗೆ ಬೂದಿ ಕವಿದ ಮಂದ ಕೆಂಡ ಸಾಕು. ಗೆರಟೆ ಉರಿದು, ಹೊಗೆ ನಿಂತು, ಮೇಲೆ ಬಿಳಿ ಬೂದಿ ಕಟ್ಟಿದ ಮೇಲೆ ಒಂದು ಪಾಲನ್ನು ಬದಿಗೆ ಎಳೆದುಕೊಳ್ಳಿ. ಮೂರು ಕಲ್ಲಿನ ಮೇಲೆ ಬಿಸಲೆ ಇಟ್ಟು, ಕೆಳಗೆ ಒಂದು ಹಿಡಿ, ಮುಚ್ಚಳದ ಮೇಲೆ ಎರಡು ಹಿಡಿ ಕೆಂಡ ಹರಡಿ. ಮೇಲಿನ ಕೆಂಡವೇ ಹೆಚ್ಚಿರಬೇಕು. ಕೆಳಗೆ ಹೆಚ್ಚಾದರೆ ಬೆಲ್ಲ ತಳ ಹಿಡಿಯುತ್ತದೆ. ಅರ್ಧ ಗಂಟೆಗೊಮ್ಮೆ ಕೆಂಡ ಬದಲಿಸುತ್ತ, ನೀರು ತೀರಾ ಬತ್ತಿದರೆ ಸ್ವಲ್ಪ ಬಿಸಿನೀರು ಸೇರಿಸುತ್ತ, ಒಂದೂವರೆಯಿಂದ ಎರಡು ಗಂಟೆ ಬಿಡಿ. ಕೊನೆಯ ಕಾಲು ಗಂಟೆ ಬಾಳೆಲೆ ತೆಗೆದರೆ ಮೇಲ್ಭಾಗ ಕಂದು ಬಣ್ಣಕ್ಕೆ ತಿರುಗುತ್ತದೆ, ರಸ ದಪ್ಪಗಾಗಿ ಕಾಳಿಗೆ ಹಿಡಿಯುತ್ತದೆ.

ಹಳ್ಳಿಯ ಮನೆಯವರಿಗೆ ಬಚ್ಚಲೊಲೆಯ ಕೆಂಡ ದಿನಾ ಸಿಗುತ್ತದೆ. ಸ್ನಾನದ ನೀರು ಕಾದ ಮೇಲೆ ಆ ಬಿಸಿ ಸುಮ್ಮನೆ ಆರಿಹೋಗುತ್ತದೆ. ಬಿಸಲೆಯನ್ನು ಅಲ್ಲಿ ಸೇರಿಸಿದರೆ ಸೌದೆಯ ಖರ್ಚಿಲ್ಲ. ವಿದ್ಯುತ್ ಅವನ್ ಇರುವವರು 160 ಡಿಗ್ರಿ ಸೆಲ್ಸಿಯಸ್‌ನಲ್ಲಿ ಅಷ್ಟೇ ಹೊತ್ತು ಇಡಬಹುದು. ಆದರೆ ಪೇಟೆಯವರು ಒಂದು ಮಾತು ನೆನಪಿಡಬೇಕು. ಇದ್ದಿಲಿನ ಕೆಂಡವನ್ನು ಬಾಗಿಲು ಮುಚ್ಚಿದ ಕೋಣೆಯಲ್ಲಾಗಲಿ ಅಡುಗೆಮನೆಯಲ್ಲಾಗಲಿ ಮಾಡಲೇಬಾರದು. ಅದರಿಂದ ಬರುವ ಕಾರ್ಬನ್ ಮೊನಾಕ್ಸೈಡ್ ಅನಿಲಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ಗೊತ್ತಾಗುವ ಮೊದಲೇ ಪ್ರಾಣ ತೆಗೆಯುತ್ತದೆ. ಅಂಗಳ ಇಲ್ಲವೇ ತೆರೆದ ತಾರಸಿಯೇ ಇದಕ್ಕೆ ಜಾಗ.

ಮಿಕ್ಕಿದ್ದನ್ನು ಎರಡು ಗಂಟೆಗಿಂತ ಹೆಚ್ಚು ಹೊತ್ತು ಹೊರಗಿಡದೆ ತಣ್ಣಗಿನ ಪೆಟ್ಟಿಗೆಯಲ್ಲಿಡಿ. ಮರುದಿನ ಚೆನ್ನಾಗಿ ಕುದಿಸಿ ನೀರುದೋಸೆಗೆ ನಂಜಿಕೊಂಡರೆ ಮೊದಲ ದಿನಕ್ಕಿಂತ ರುಚಿ ಹೆಚ್ಚು.

ರಾಜ್ಮಾ ಬಳಸುವವರಿಗೆ ಎಚ್ಚರಿಕೆ

ಅಲಸಂಡೆಯ ಬದಲು ಅಂಗಡಿಯ ರಾಜ್ಮಾ ಅಥವಾ ಬೀನ್ಸ್ ಬೀಜ ಹಾಕುವವರು ಈ ಭಾಗವನ್ನು ತಪ್ಪದೆ ಓದಬೇಕು. ಬೀನ್ಸ್ ಜಾತಿಯ ಕಾಳಿನಲ್ಲಿ, ಅದರಲ್ಲೂ ಕೆಂಪು ರಾಜ್ಮಾದಲ್ಲಿ, ಲೆಕ್ಟಿನ್ ಎಂಬ ಬಗೆಯ ವಿಷವಸ್ತು ಹೆಚ್ಚಾಗಿದೆ. ಬೇಯದ ನಾಲ್ಕೈದು ಕಾಳು ತಿಂದರೂ ಒಂದರಿಂದ ಮೂರು ಗಂಟೆಯೊಳಗೆ ವಾಂತಿ, ಹೊಟ್ಟೆನೋವು, ಭೇದಿ ಶುರುವಾಗಬಹುದು. ಮಂದ ಉರಿಯಲ್ಲಿ ಎಷ್ಟು ಹೊತ್ತು ಇಟ್ಟರೂ ಇದು ಹೋಗುವುದಿಲ್ಲ. ಕುದಿಯದೆ ಬರೇ ಬೆಚ್ಚಗೆ ಬೆಂದ ಕಾಳು ಹಸಿ ಕಾಳಿಗಿಂತಲೂ ಹೆಚ್ಚು ಅಪಾಯಕಾರಿಯಾಗಬಹುದು. ಆದ್ದರಿಂದ ರಾಜ್ಮಾವನ್ನು ಎಂಟು ಹತ್ತು ಗಂಟೆ ನೆನೆಸಿ, ಆ ನೀರನ್ನು ಚೆಲ್ಲಿ, ಹೊಸ ನೀರಿನಲ್ಲಿ ಕಡಿಮೆಯೆಂದರೆ ಅರ್ಧ ಗಂಟೆ ಕೊತಕೊತನೆ ಕುದಿಸಬೇಕು. ಆಮೇಲೆ ಮೆತ್ತಗಾಗುವ ತನಕ ಬೇಯಿಸಿ, ಕೊನೆಗೆ ಕೆಂಡಕ್ಕೆ ಇಡಬೇಕು. ಹಸಿ ಕಾಳನ್ನು ನೇರವಾಗಿ ಕೆಂಡದ ಮಡಕೆಗೆ ಹಾಕುವುದು ಎಂದಿಗೂ ಸಲ್ಲದು.

ಅಲಸಂಡೆಯ ಜಾತಿಯೇ ಬೇರೆ. ಬೀನ್ಸ್ ಅಮೆರಿಕ ಖಂಡದಿಂದ ಬಂದದ್ದು. ಅಲಸಂಡೆಯ ತವರು ಆಫ್ರಿಕವಾದರೂ ನಮ್ಮ ದೇಶಕ್ಕೆ ಬಂದು ಸಾವಿರಾರು ವರ್ಷಗಳಾಗಿವೆ. ರಾಜ್ಮಾದಷ್ಟು ಅಪಾಯ ಇದರಲ್ಲಿಲ್ಲ, ಬೇಯುವುದೂ ಬೇಗ. ನೂರು ಗ್ರಾಂ ಒಣ ಕಾಳಿನಲ್ಲಿ ಇಪ್ಪತ್ತು ಗ್ರಾಮಿಗೂ ಮಿಕ್ಕಿ ಸಸಾರಜನಕವಿದೆ. ಆದರೂ ಪೂರ್ತಿ ಬೇಯಿಸಿಯೇ ತಿನ್ನಬೇಕು.

ಹಳೆ ಕಾಳು ಬೇಯುವುದಿಲ್ಲ ಏಕೆ?

ನನ್ನ ಮೊದಲ ಸೋಲಿಗೆ ಇನ್ನೊಂದು ಕಾರಣವೂ ಇತ್ತು. ನಾನು ಒಯ್ದದ್ದು ಹಿಂದಿನ ವರ್ಷದ ಕಾಳು. ಅದು ಒಂದು ಮಳೆಗಾಲ ಕಂಡಿತ್ತು. ಸೆಕೆ ಮತ್ತು ತೇವ ಎರಡೂ ಒಟ್ಟಾದಲ್ಲಿ ತಿಂಗಳುಗಟ್ಟಲೆ ಇಟ್ಟ ಕಾಳಿನ ಒಳರಚನೆ ಬದಲಾಗುತ್ತದೆ. ಆಮೇಲೆ ಎಷ್ಟು ನೆನೆಸಿದರೂ, ಎಷ್ಟು ಕುದಿಸಿದರೂ ಅದು ಮೆತ್ತಗಾಗದು. ಕರಾವಳಿಯ ಮಳೆಗಾಲದಲ್ಲಿ ಈ ಎರಡೂ ಧಾರಾಳವಾಗಿವೆ. ‘ನಮ್ಮ ಊರಿನ ಕಾಳು ಬೇಯುವುದಿಲ್ಲ’ ಎಂದು ಪೇಟೆಯವರು ದೂರುವುದಕ್ಕೆ ಇದೂ ಒಂದು ಕಾರಣ. ಇದು ತಳಿಯ ದೋಷವಲ್ಲ, ಇಟ್ಟ ಬಗೆಯ ದೋಷ.

ಹುಳದ ಕಾಟವೂ ಹೀಗೆಯೇ. ಕಾಳು ಕೊರೆಯುವ ಹುಳ ಡಬ್ಬದಲ್ಲಿ ಹುಟ್ಟುವುದಲ್ಲ. ಕೋಡು ಗದ್ದೆಯಲ್ಲಿ ಒಣಗುತ್ತಿರುವಾಗಲೇ ಅದರ ಮೇಲೆ ಮೊಟ್ಟೆಯಿಟ್ಟಿರುತ್ತದೆ. ಅದು ಕಾಳಿನೊಡನೆ ಮನೆಗೆ ಬಂದು, ಒಳಗೆ ಬೆಳೆದು, ಎರಡು ಮೂರು ತಿಂಗಳಲ್ಲಿ ಇಡೀ ಡಬ್ಬವನ್ನು ಹಿಟ್ಟು ಮಾಡುತ್ತದೆ. ಆದ್ದರಿಂದ:

ಒಣಗಿದ ಕೋಡನ್ನು ಗಿಡದಲ್ಲಿ ಬಿಡದೆ ಎರಡು ಮೂರು ಸಲ ಬಿಡಿಸಿ ತನ್ನಿ.

ಕಾಳನ್ನು ಮೂರು ನಾಲ್ಕು ದಿನ ಚುರುಕು ಬಿಸಿಲಿನಲ್ಲಿ ಒಣಗಿಸಿ. ಹಲ್ಲಿನಲ್ಲಿ ಕಚ್ಚಿದಾಗ ಟಕ್ಕೆಂದು ಒಡೆಯಬೇಕು.

ಬಿಸಿಯಿರುವಾಗ ತುಂಬಬೇಡಿ. ನೆರಳಿನಲ್ಲಿ ಪೂರ್ತಿ ತಣಿದ ಮೇಲೆ ತುಂಬಿ. ಇಲ್ಲವಾದರೆ ಡಬ್ಬದೊಳಗೆ ಬೆವರು ಕಟ್ಟುತ್ತದೆ.

ತಿನ್ನುವ ಕಾಳಿಗೆ ಕಿಲೋಗೆ ಒಂದು ಸಣ್ಣ ಚಮಚದಂತೆ, ಅಂದರೆ ಸುಮಾರು 5 ಮಿಲಿಲೀಟರ್, ಅಡುಗೆ ಎಣ್ಣೆ ಸವರಿ, ಗಾಳಿಯಾಡದ ಡಬ್ಬದಲ್ಲಿ ಬಾಯಿಯ ತನಕ ತುಂಬಿಸಿ.

ಬೀಜದ ಕಾಳಿಗೆ ಜರಡಿ ಹಿಡಿದ ಒಣ ಬೂದಿ ಬೆರೆಸಿ. ಬೈಹುಲ್ಲಿನ ಸಣ್ಣ ಮುಡಿ ಕಟ್ಟಿ ಒಲೆಯ ಮೇಲೆ ಹೊಗೆ ತಾಗುವಲ್ಲಿ ತೂಗಿಡುವ ಹಿರಿಯರ ಕ್ರಮವೂ ಒಳ್ಳೆಯದೇ.

ತಿನ್ನುವ ಕಾಳನ್ನು ಸಾಧ್ಯವಾದಷ್ಟು ಮಳೆಗಾಲದೊಳಗೆ ಮುಗಿಸಿ. ಮಾರುವುದಿದ್ದರೆ ಬೇಸಗೆಯಲ್ಲೇ ಮಾರಿ.

ಗದ್ದೆಯ ಕಡೆ

ಬೈಲು ಗದ್ದೆಗೆ ಸುಗ್ಗಿ, ಕೊಳಕೆ ಬೆಳೆಗಳ ಅವಕಾಶವಿದೆ. ಮಜಲಿನಲ್ಲಿ ಏಣೆಲು ಕೊಯ್ದ ಮೇಲೆ ಸುಗ್ಗಿಗೆ ನೀರು ಸಾಲದೆ ಹೋದರೆ, ಮಣ್ಣಿನ ಪಸೆ ಆರುವ ಮೊದಲು ಅಲಸಂಡೆ, ಉದ್ದು, ಹೆಸರು, ಹುರುಳಿ ಬಿತ್ತುವುದು ನಮ್ಮ ಜಿಲ್ಲೆಯ ಹಳೆಯ ಪದ್ಧತಿ. ಅಲಸಂಡೆಗೆ ಎಕ್ರೆಗೆ ಎಂಟು ಹತ್ತು ಕಿಲೋ ಬೀಜ ಸಾಕು. ಸಾಲಿನಿಂದ ಸಾಲಿಗೆ ಒಂದೂವರೆ ಅಡಿ, ಗಿಡದಿಂದ ಗಿಡಕ್ಕೆ ನಾಲ್ಕರಿಂದ ಆರು ಇಂಚು ಅಂತರವಿರಲಿ. ತೆಳ್ಳಗಿನ ಬೆಲ್ಲದ ನೀರಿನಲ್ಲಿ ರೈಜೋಬಿಯಂ ಗೊಬ್ಬರ ಕಲಸಿ ಬೀಜಕ್ಕೆ ಹಚ್ಚಿ, ನೆರಳಿನಲ್ಲಿ ಆರಿಸಿ ಬಿತ್ತಿದರೆ ಬೇರಿನಲ್ಲಿ ಗಂಟುಗಳು ಚೆನ್ನಾಗಿ ಕಟ್ಟುತ್ತವೆ. ಹೂ ಬಿಡುವಾಗ ಒಮ್ಮೆ ನೀರು ಕೊಡಲು ಸಾಧ್ಯವಾದರೆ ಕೋಡು ತುಂಬುತ್ತದೆ. ಎಳೆ ಕುಡಿಗೆ ಕಪ್ಪು ಹೇನು ಹತ್ತಿದ್ದು ಕಂಡೊಡನೆ ಆ ಕುಡಿಯನ್ನು ಚಿವುಟಿ ನಾಶಮಾಡಿ. ಎಳೆ ಕೋಡು ಪಲ್ಯಕ್ಕೆ, ಬಲಿತದ್ದು ಕಾಳಿಗೆ, ಬಳ್ಳಿ ದನಕ್ಕೆ. ಬೇರನ್ನು ಕೀಳದೆ ಉತ್ತುಬಿಟ್ಟರೆ ಗಾಳಿಯಿಂದ ಗಂಟುಗಳು ಹಿಡಿದಿಟ್ಟ ಸಾರಜನಕ ಮುಂದಿನ ಏಣೆಲಿಗೆ ಸಿಗುತ್ತದೆ.

ವಿಶ್ವಸಂಸ್ಥೆ 2016ನ್ನು ಅಂತಾರಾಷ್ಟ್ರೀಯ ದ್ವಿದಳ ಧಾನ್ಯ ವರ್ಷವೆಂದು ಆಚರಿಸಿತು. 2019ರಿಂದ ಫೆಬ್ರವರಿ 10 ವಿಶ್ವ ದ್ವಿದಳ ಧಾನ್ಯ ದಿನವೂ ಆಗಿದೆ. ದಿನಾಚರಣೆಗಳು ಒಳ್ಳೆಯದೇ. ಆದರೆ ಕಾಳು ಗದ್ದೆಯಲ್ಲಿ ಉಳಿಯಬೇಕಾದರೆ ಮೊದಲು ತಟ್ಟೆಯಲ್ಲಿ ಉಳಿಯಬೇಕು.

ಎರಡನೆಯ ಸಲ

ಮರುವರ್ಷದ ರಜೆಯಲ್ಲಿ ಹೊಸ ಕಾಳು ಹಿಡಿದು, ದೊಡ್ಡಮ್ಮನನ್ನೂ ಕರೆದುಕೊಂಡು ಮಣ್ಣಗುಡ್ಡಕ್ಕೆ ಹೋದೆ. ಹಿಂದಿನ ರಾತ್ರಿ ನೆನೆಸಿ, ಮಧ್ಯಾಹ್ನ ಬೇಯಿಸಿ, ದೊಡ್ಡಮ್ಮ ತಾವೇ ಕಾಳನ್ನು ಬೆರಳಿನಲ್ಲಿ ಒತ್ತಿ ನೋಡಿ “ಈಗ ಹಾಕು ಬೆಲ್ಲ” ಎಂದ ಮೇಲೆಯೇ ಬೆಲ್ಲ ಬಿತ್ತು. ಸಂಜೆ ಬಂಗುಡೆ ಸುಡುವ ಹೊತ್ತಿಗೆ ಬಿಸಲೆಯ ಮುಚ್ಚಳ ತೆಗೆದೆವು. ಕಾಳು ಇಡಿಯಾಗಿಯೇ ಇತ್ತು, ನಾಲಿಗೆಗೆ ಬೆಣ್ಣೆಯಂತಿತ್ತು. ತಂಗಿಯ ಕಿರಿ ಮಗ ಎರಡನೆಯ ಸಲ ತಟ್ಟೆ ಚಾಚಿದ. ಆಚೆಮನೆಯವರು ಒಂದು ತಟ್ಟೆ ಕೇಳಿ ತೆಗೆದುಕೊಂಡು ಹೋದರು. ಡಬ್ಬಿ ಆ ದಿನ ಕಪಾಟಿನಲ್ಲೇ ಉಳಿಯಿತು.

ಹೊರಡುವಾಗ ತಂಗಿ ಹೇಳಿದಳು: “ಅಣ್ಣ, ಬರುವ ವರ್ಷ ಐದು ಕಿಲೋ ಹೆಚ್ಚು ತಾ. ಆಚೆಮನೆಯವರಿಗೂ ಬೇಕಂತೆ, ಹಣ ಕೊಡುತ್ತಾರೆ. ಆದರೆ ಎಣ್ಣೆ ಸವರಿಯೇ ತಾ, ಹುಳ ಬಾರದ ಹಾಗೆ.”

ಐದು ಕಿಲೋ ದೊಡ್ಡ ವ್ಯಾಪಾರವಲ್ಲ. ಆದರೆ ಆ ಮಾತಿನಿಂದ ನಮ್ಮ ಮಜಲು ಆ ವರ್ಷವೂ ಹಸಿರಾಯಿತು. ಪೇಟೆಯಲ್ಲಿ ನೆಂಟರಿರುವ ಕೃಷಿಕರು ಬರುವ ಬೇಸಗೆಗೆ ಕಾಳಿನ ಜೊತೆಗೆ ಅದನ್ನು ಬೇಯಿಸುವ ಕ್ರಮವನ್ನೂ ಕೊಟ್ಟು ಬರಲಿ. ಬರೇ ಕಾಳು ಕೊಟ್ಟರೆ ಅದು ಡಬ್ಬದಲ್ಲೇ ಉಳಿದು ಹುಳಕ್ಕೆ ಹೋಗುತ್ತದೆ.